ದುಡ್ಡಿನ ಜಗಳಕ್ಕೆ ಎಫ್‌ಐಆರ್ ಹಾಕುವ ಮೊದಲು: ಗೃಹ ಸಚಿವರಿಗೆ ಒಂದು ಬಹಿರಂಗ ಪತ್ರ

ಮಾನ್ಯ ಗೃಹ ಸಚಿವರೇ,

ನಾನು ಸಕಲೇಶಪುರದಲ್ಲಿ ವಕೀಲಿಕೆ ಮಾಡಿಕೊಂಡಿರುವವನು. ನಮ್ಮಲ್ಲಿಗೆ ಬರುವ ಕಕ್ಷಿದಾರರಲ್ಲಿ ಜಾಸ್ತಿ ಜನ ಕಾಫಿ, ಮೆಣಸು, ಶುಂಠಿ ಬೆಳೆಯುವವರು, ಅಥವಾ ಅವರ ಹತ್ತಿರ ಮಾಲು ಕೊಳ್ಳುವವರು. ಇತ್ತೀಚೆಗೆ ಇವರೆಲ್ಲ ಬಂದು ಕೂತ ತಕ್ಷಣ ಕೇಳುವುದು ಒಂದೇ ಪ್ರಶ್ನೆ. "ಸಾರ್, ಹೈಕೋರ್ಟ್‌ನಲ್ಲಿ ಕ್ವಾಷ್ ಆಗುತ್ತಾ?" ಅಂದರೆ, ಕೇಸು ರದ್ದಾಗುತ್ತಾ ಅಂತ. ಎಫ್‌ಐಆರ್ ಪ್ರತಿ ಇನ್ನೂ ಕೈಗೆ ಸಿಕ್ಕಿರುವುದಿಲ್ಲ, ಯಾವ ಸೆಕ್ಷನ್ ಹಾಕಿದ್ದಾರೆ ಅಂತ ಗೊತ್ತಿರುವುದಿಲ್ಲ, ಆದರೆ ಕ್ವಾಷ್ ಅನ್ನುವುದು ಮಾತ್ರ ಎಲ್ಲರ ಬಾಯಲ್ಲೂ ಇದೆ.

ಜನ ಹಾಗೆ ಕೇಳುವುದು ತಪ್ಪಲ್ಲ. ಆದರೆ ಹಳ್ಳಿಯ ದುಡ್ಡಿನ ಜಗಳವೊಂದನ್ನು ನಿಲ್ಲಿಸಲು ರಾಜ್ಯದ ಅತಿ ದೊಡ್ಡ ನ್ಯಾಯಾಲಯಕ್ಕೇ ಹೋಗಬೇಕು ಅನ್ನುವ ಪರಿಸ್ಥಿತಿ ಬಂದಿದೆಯಲ್ಲ, ಅದು ತಪ್ಪು. ಆ ಕೆಲಸ ಠಾಣೆಯಲ್ಲೇ ಮುಗಿಯಬೇಕಿತ್ತು. ಠಾಣೆಗಳು ನಿಮ್ಮ ಇಲಾಖೆಯವು, ಅದಕ್ಕೇ ಈ ಪತ್ರವನ್ನು ನಿಮಗೆ ಬರೆಯುತ್ತಿದ್ದೇನೆ.

ಓದುವ ಎಲ್ಲರಿಗೂ ತಿಳಿಯಲಿ ಅಂತ ಕೇಸು ರದ್ದು ಮಾಡುವ ಹೈಕೋರ್ಟಿನ ಈ ಅಧಿಕಾರ ಏನು ಅನ್ನುವುದನ್ನು ಮೊದಲು ಹೇಳುತ್ತೇನೆ. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಇದು 482ನೇ ಸೆಕ್ಷನ್ ಆಗಿತ್ತು. 2024ರ ಜುಲೈ 1ರಿಂದ ಬಂದ ಹೊಸ ಕಾನೂನು ಬಿಎನ್‌ಎಸ್‌ಎಸ್‌ನಲ್ಲಿ (ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ) ಅದೇ ಮಾತು 528ನೇ ಸೆಕ್ಷನ್‌ನಲ್ಲಿದೆ. ಕೋರ್ಟಿನ ಪ್ರಕ್ರಿಯೆ ದುರುಪಯೋಗ ಆಗುತ್ತಿದ್ದರೆ ತಡೆಯಲು, ನ್ಯಾಯ ಸಿಗುವಂತೆ ನೋಡಿಕೊಳ್ಳಲು ಹೈಕೋರ್ಟ್‌ಗೆ ಮೊದಲಿನಿಂದಲೂ ಇರುವ ಅಧಿಕಾರವನ್ನು ಈ ಸೆಕ್ಷನ್ ಹಾಗೇ ಉಳಿಸುತ್ತದೆ. ಅದರ ಅಡಿಯಲ್ಲಿ ಎಫ್‌ಐಆರ್ ರದ್ದು ಮಾಡಬಹುದು, ಚಾರ್ಜ್‌ಶೀಟ್ ಹಾಕಿದ ಮೇಲೂ ಕೇಸು ರದ್ದು ಮಾಡಬಹುದು.

ಆದರೆ ಹೈಕೋರ್ಟ್ ಅಲ್ಲಿ ಸಾಕ್ಷಿಗಳನ್ನು ಕರೆಸಿ ವಿಚಾರಣೆ ಮಾಡುವುದಿಲ್ಲ. ಯಾರು ಸತ್ಯ ಹೇಳುತ್ತಿದ್ದಾರೆ, ಯಾರು ಸುಳ್ಳು ಅಂತ ತೂಗುವುದೂ ಇಲ್ಲ. ದೂರಿನಲ್ಲಿ ಬರೆದಿರುವುದೆಲ್ಲ ನಿಜ ಅಂತಲೇ ಇಟ್ಟುಕೊಂಡು, ಹಾಗಿದ್ದರೂ ಇದರಲ್ಲಿ ಅಪರಾಧ ಇದೆಯಾ ಅಂತ ನೋಡುತ್ತದೆ. ಇಲ್ಲ ಅಂದರೆ ಅಲ್ಲಿಗೆ ಮುಗಿಯಿತು. ಹರಿಯಾಣದ ಭಜನ್‌ಲಾಲ್ ಪ್ರಕರಣದಲ್ಲಿ 1990ರಲ್ಲಿ ಸುಪ್ರೀಂ ಕೋರ್ಟ್ ಇಂಥ ಏಳು ಸಂದರ್ಭಗಳನ್ನು ಉದಾಹರಣೆಯಾಗಿ ಹೇಳಿತು. ಆರೋಪವನ್ನು ಪೂರ್ತಿ ಒಪ್ಪಿಕೊಂಡರೂ ಅಪರಾಧ ಆಗದಿರುವುದು, ಬುದ್ಧಿ ಇರುವ ಯಾರೂ ನಂಬಲಾಗದಷ್ಟು ಅಸಂಬದ್ಧವಾದ ಆರೋಪ, ಕೇಸು ನಡೆಸಲು ಕಾನೂನಿನದ್ದೇ ಅಡ್ಡಿ ಇರುವುದು, ಬರೀ ಹಗೆ ತೀರಿಸಿಕೊಳ್ಳಲು ಹಾಕಿದ ಕೇಸು, ಇವೆಲ್ಲ ಅದರಲ್ಲಿವೆ. ಇವತ್ತಿಗೂ ಹೈಕೋರ್ಟ್‌ಗೆ ಹೋಗುವ ಅರ್ಜಿಗಳಲ್ಲಿ ಈ ತೀರ್ಪಿನ ಹೆಸರು ಇಲ್ಲದ ಅರ್ಜಿ ಸಿಗುವುದು ಕಷ್ಟ. ಅದಕ್ಕೂ ಮೊದಲು, 1977ರಲ್ಲಿ, ನಮ್ಮದೇ ರಾಜ್ಯದ ಮುನಿಸ್ವಾಮಿ ಪ್ರಕರಣದಲ್ಲಿ ಕರ್ನಾಟಕ ಹೈಕೋರ್ಟ್ ಕೇಸು ರದ್ದು ಮಾಡಿದ್ದನ್ನು ಸುಪ್ರೀಂ ಕೋರ್ಟ್ ಎತ್ತಿಹಿಡಿದಿತ್ತು. ಕೋರ್ಟಿನ ಕಲಾಪ ಜನರಿಗೆ ಕಿರುಕುಳ ಕೊಡುವ ಆಯುಧ ಆಗಬಾರದು ಅನ್ನುವುದು ಆ ತೀರ್ಪಿನ ತಿರುಳು.

ಇನ್ನೊಂದು ಕಡೆಯಿಂದ ಎಚ್ಚರಿಕೆಯೂ ಇದೆ. 2021ರ ಏಪ್ರಿಲ್‌ನಲ್ಲಿ ನಿಹಾರಿಕಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೈಕೋರ್ಟ್‌ಗಳಿಗೆ ಸ್ಪಷ್ಟವಾಗಿ ಹೇಳಿತು: ತನಿಖೆ ಪೊಲೀಸರ ಕೆಲಸ, ಅದನ್ನು ಮೊಳಕೆಯಲ್ಲೇ ಚಿವುಟುವುದು ಅಪರೂಪಕ್ಕೆ ಮಾತ್ರ, ಕಾರಣ ಬರೆಯದೆ "ಬಲವಂತದ ಕ್ರಮ ಬೇಡ" ಅಂತ ಸುಮ್ನೆ ಆದೇಶ ಕೊಡುವ ಹಾಗಿಲ್ಲ. ನನಗೆ ಆ ತೀರ್ಪು ಸರಿ ಅನಿಸುತ್ತದೆ. ಹಣ, ಹೆಸರು ಇರುವವನು ಬೆಂಗಳೂರಿಗೆ ಹೋಗಿ ದೊಡ್ಡ ವಕೀಲರನ್ನು ಹಿಡಿದು ನಿಜವಾದ ಕೇಸನ್ನೂ ತಡೆದು ನಿಲ್ಲಿಸಿಬಿಟ್ಟರೆ, ಇಲ್ಲಿ ಮೋಸ ಹೋದವನ ಗತಿ ಏನು?

ಹಾಗಾದರೆ ಕ್ವಾಷ್ ಅಪರೂಪಕ್ಕೇ ಆಗಲಿ. ಅದು ಅಪರೂಪ ಆಗಿರಬೇಕಾದರೆ ಹುರುಳಿಲ್ಲದ ಕೇಸು ಹುಟ್ಟುವುದೂ ಅಪರೂಪ ಆಗಿರಬೇಕು, ಅಲ್ವಾ? ನನ್ನ ತಕರಾರು ಇರುವುದು ಅಲ್ಲೇ.

ನಾನು ನೋಡಿದ ಒಂದು ಕೇಸು ಹೇಳುತ್ತೇನೆ. ಹೆಸರು, ಊರು, ಠಾಣೆ ಬೇಡ. ಒಬ್ಬ ರೈತ ಶುಂಠಿ ಹಾಕಲು ಇನ್ನೊಬ್ಬರ ಜಮೀನನ್ನು ಒಂದು ಬೆಳೆಗೆ ಗುತ್ತಿಗೆ ಮಾಡಿಕೊಂಡ. ಛಾಪಾ ಕಾಗದದ ಮೇಲೆ ಕರಾರು ಆಯಿತು, ಅರ್ಧ ದುಡ್ಡು ಮೊದಲೇ ಕೊಟ್ಟ, ಉಳಿದರ್ಧ ಶುಂಠಿ ಕಿತ್ತ ಮೇಲೆ ಅಂತ ಮಾತು. ಮಳೆ ಜಾಸ್ತಿ ಆಗಿ ಗಡ್ಡೆಗೆ ಕೊಳೆ ಬಿತ್ತು. ನಮ್ಮ ಕಡೆ ಶುಂಠಿ ಹಾಕಿದವರಿಗೆ ಗೊತ್ತು, ಒಂದು ಮೂಲೆಯಲ್ಲಿ ಎಲೆ ಹಳದಿಯಾಗಿ ಕಂಡರೆ ಹದಿನೈದು ದಿನದಲ್ಲಿ ಸಾಲಿಗೆ ಸಾಲೇ ಹೋಗಿರುತ್ತದೆ. ಬೆಳೆ ಹೋಯಿತು, ಬಾಕಿ ಕೊಡಲು ಆಗಲಿಲ್ಲ. ಜಮೀನಿನ ಯಜಮಾನರಿಗೂ ಅವರ ಕಷ್ಟ ಇತ್ತು, ಮಗಳ ಮದುವೆಗೆ ಆ ದುಡ್ಡನ್ನೇ ನೆಚ್ಚಿಕೊಂಡಿದ್ದರು. ಅವರು ಠಾಣೆಗೆ ಹೋದರು.

ಎಫ್‌ಐಆರ್ ಆಯಿತು. ಮೋಸಕ್ಕೆ ಆಗಿನ ದಂಡ ಸಂಹಿತೆ ಐಪಿಸಿಯ 420, ಬೈದಿದ್ದಕ್ಕೆ 504, ಬೆದರಿಕೆಗೆ 506. ಆರೋಪಿಗಳು ಮೂವರು: ರೈತ, ಅವನ ಹೆಂಡತಿ, ಓದು ಮುಗಿಸಿ ಸರ್ಕಾರಿ ಕೆಲಸಕ್ಕೆ ಪರೀಕ್ಷೆ ಬರೆಯುತ್ತಿದ್ದ ಮಗ. ಕರಾರಿಗೆ ಹೆಂಡತಿಯೂ ಸಹಿ ಹಾಕಿರಲಿಲ್ಲ, ಮಗನೂ ಹಾಕಿರಲಿಲ್ಲ. ದೂರಿನ ಕೊನೆಯಲ್ಲಿ ಎಲ್ಲ ದೂರುಗಳಲ್ಲೂ ಇರುವ ಅದೇ ಸಾಲು: "ಹಣ ಕೇಳಲು ಹೋದಾಗ ಅವಾಚ್ಯ ಶಬ್ದಗಳಿಂದ ಬೈದು ಜೀವ ಬೆದರಿಕೆ ಹಾಕಿರುತ್ತಾರೆ." ಯಾವ ದಿನ, ಎಲ್ಲಿ, ಮೂವರಲ್ಲಿ ಯಾರು, ಏನು ಅಂದರು, ಒಂದೂ ಇಲ್ಲ. ಈ ಸಾಲನ್ನು ನಾನು ಎಷ್ಟು ದೂರುಗಳಲ್ಲಿ ಓದಿದ್ದೇನೆ ಅಂದರೆ, ಅಕ್ಷರವೂ ಬದಲಾಗದ ಅದನ್ನು ಕಂಡ ಕೂಡಲೇ ಇದು ದೂರುದಾರರ ಬಾಯಿಂದ ಬಂದ ಮಾತಲ್ಲ ಅಂತ ಗೊತ್ತಾಗಿಬಿಡುತ್ತದೆ.

ಮೋಸ ಅನ್ನಬೇಕಾದರೆ ಮಾತು ಕೊಡುವ ಹೊತ್ತಿಗೇ ಮೋಸ ಮಾಡುವ ಉದ್ದೇಶ ಇರಬೇಕು. ಆಮೇಲೆ ಮಾತು ಉಳಿಸಿಕೊಳ್ಳಲು ಆಗದಿದ್ದರೆ ಅದು ಕರಾರು ಮುರಿದಂತೆ, ಅಪರಾಧ ಅಲ್ಲ. ಇದನ್ನು ಸುಪ್ರೀಂ ಕೋರ್ಟ್ ಹತ್ತಾರು ಸಲ ಹೇಳಿದೆ. 2006ರ ಇಂಡಿಯನ್ ಆಯಿಲ್ ಪ್ರಕರಣದಲ್ಲಂತೂ, ಸಿವಿಲ್ ವ್ಯಾಜ್ಯಗಳನ್ನು ಕ್ರಿಮಿನಲ್ ಕೇಸು ಮಾಡುವ ಚಾಳಿ ವ್ಯಾಪಾರ ವಲಯದಲ್ಲಿ ಬೆಳೆಯುತ್ತಿದೆ, ಸಿವಿಲ್ ಕೋರ್ಟು ತಡ ಅನ್ನುವ ಭಾವನೆಯೇ ಅದಕ್ಕೆ ಕಾರಣ ಅಂತ ಬಿಡಿಸಿ ಬರೆದಿದೆ. ಅರ್ಧ ದುಡ್ಡು ಮುಂಗಡ ಕೊಟ್ಟು, ಬಿತ್ತನೆ ಗಡ್ಡೆ, ಗೊಬ್ಬರ, ಕೂಲಿಗೆ ಸಾಲ ಮಾಡಿ ಸುರಿದವನಿಗೆ ಮೊದಲ ದಿನವೇ ಮೋಸದ ಉದ್ದೇಶ ಇತ್ತು ಅಂತ ಹೇಗೆ ಹೇಳುವುದು? ಕರಾರು ಪತ್ರವನ್ನು ಅರ್ಧ ಗಂಟೆ ಕೂತು ಓದಿದ್ದರೆ ಠಾಣೆಯಲ್ಲೇ ತಿಳಿಯುತ್ತಿತ್ತು.

ಕೊನೆಗೆ ಹೈಕೋರ್ಟ್ ಆ ಕೇಸನ್ನು ರದ್ದು ಮಾಡಿತು. ಆದರೆ ಅಲ್ಲಿಗೆ ಹೋಗುವವರೆಗೆ? ನಮ್ಮ ಜಿಲ್ಲೆಗೆ ಹೈಕೋರ್ಟ್ ಅಂದರೆ ಬೆಂಗಳೂರು. ರಾತ್ರಿ ಬಸ್ಸು ಹತ್ತಿ, ಬೆಳಗಿನ ಜಾವ ಮೆಜೆಸ್ಟಿಕ್‌ನಲ್ಲಿ ಇಳಿದು, ವಕೀಲರ ಆಫೀಸು ಹುಡುಕಿ, ಪ್ರತಿ ಸಲವೂ ಖರ್ಚು. ಬೆಳೆ ಕಳೆದುಕೊಂಡವನು ಫೀಸಿಗೆ ಮತ್ತೆ ಸಾಲ ಮಾಡಿದ. ಮಗನಿಗೆ ಯಾವ ಅರ್ಜಿಯಲ್ಲಿ ಕ್ರಿಮಿನಲ್ ಕೇಸಿನ ಕಾಲಂ ಕಂಡರೂ ಭಯ. ರದ್ದಾದ ಆದೇಶದ ಪ್ರತಿ ಕೈಯಲ್ಲಿ ಹಿಡಿದುಕೊಂಡು ಆ ರೈತ, "ಗೆದ್ದೆ ಅಂತೀರಲ್ಲ ಸಾರ್, ನನ್ನ ಹತ್ರ ಇನ್ನೇನು ಉಳಿದಿದೆ" ಅಂದ. ನನ್ನ ಹತ್ತಿರ ಉತ್ತರ ಇರಲಿಲ್ಲ.

ಇದಕ್ಕಿಂತ ನನಗೆ ಹೆಚ್ಚು ಬೇಸರ ಆಗಿದ್ದು ಜಮೀನಿನ ಯಜಮಾನರ ವಿಷಯದಲ್ಲಿ. ದುಡ್ಡು ವಸೂಲಿಗೆ ಸಿವಿಲ್ ದಾವೆ ಹಾಕಲು ಕಾಲಮಿತಿ ಸಾಮಾನ್ಯವಾಗಿ 3 ವರ್ಷ. ಠಾಣೆಯಲ್ಲಿ ಕೇಸಾಗಿದೆ, ದುಡ್ಡು ಬಂದೇ ಬರುತ್ತದೆ ಅಂತ ನಂಬಿ ಅವರು ದಾವೆ ಹಾಕಲೇ ಇಲ್ಲ. ಕ್ರಿಮಿನಲ್ ಕೇಸು ರದ್ದಾಗುವ ಹೊತ್ತಿಗೆ ಆ ಮೂರು ವರ್ಷ ಮುಗಿದಿತ್ತು. ಅವರಿಗೆ ಬರಬೇಕಾಗಿದ್ದು ನ್ಯಾಯವಾದ ದುಡ್ಡೇ. ದಾವೆ ಹಾಕಿದ್ದರೆ ಡಿಕ್ರಿ ಆಗುವ ಸಾಧ್ಯತೆ ಚೆನ್ನಾಗಿತ್ತು. ಮೊದಲ ದಿನವೇ ಠಾಣೆಯಲ್ಲಿ ಯಾರಾದರೂ "ಯಜಮಾನ್ರೇ, ಇದು ಸಿವಿಲ್ ಕೋರ್ಟಿಗೆ ಹೋಗುವ ವಿಷಯ" ಅಂತ ಹೇಳಿ, ಅದನ್ನೇ ಬರೆದು ಹಿಂಬರಹ, ಅಂದರೆ ಠಾಣೆಯ ಲಿಖಿತ ಉತ್ತರ, ಕೊಟ್ಟಿದ್ದರೆ ಅವರ ದುಡ್ಡು ಉಳಿಯುತ್ತಿತ್ತೋ ಏನೋ. ತಪ್ಪು ಎಫ್‌ಐಆರ್‌ನಿಂದ ಆರೋಪಿಗೆ ತೊಂದರೆ ಅಂತ ಎಲ್ಲರೂ ಹೇಳುತ್ತಾರೆ. ದೂರು ಕೊಟ್ಟವನಿಗೂ ಅದು ಅಷ್ಟೇ ತೊಂದರೆ ಅನ್ನುವುದನ್ನು ಯಾರೂ ಹೇಳುವುದಿಲ್ಲ.

ಜನ ಯಾಕೆ ಠಾಣೆಗೇ ಹೋಗುತ್ತಾರೆ ಅನ್ನುವುದೂ ನನಗೆ ಗೊತ್ತು. ವಸೂಲಿ ದಾವೆಗೆ ಕೇಳುವ ಮೊತ್ತದ ಮೇಲೆ ಕೋರ್ಟ್ ಫೀ ಕಟ್ಟಬೇಕು, ವಕೀಲರ ಫೀಸು ಬೇರೆ, ವಾಯಿದೆ ಮೇಲೆ ವಾಯಿದೆ. ದೂರಿಗೆ ಒಂದು ಬಿಳಿ ಹಾಳೆ ಸಾಕು. ಠಾಣೆಗೆ ಕರೆಸಿ ಸ್ವಲ್ಪ ಬಿಸಿ ಮುಟ್ಟಿಸಿದರೆ ದುಡ್ಡು ಬರುತ್ತದೆ ಅನ್ನುವುದು ಊರಲ್ಲಿ ಎಲ್ಲರ ಲೆಕ್ಕಾಚಾರ. ಎಷ್ಟೋ ಸಲ ಬಂದೂ ಬಿಡುತ್ತದೆ. ಆದರೆ ಹೆದರಿ ಕೊಟ್ಟ ದುಡ್ಡಿಗೆ ರಸೀದಿ ಇರುವುದಿಲ್ಲ, ನಾಳೆ ಇನ್ನೊಂದು ಜಗಳ ಅಲ್ಲಿಂದಲೇ ಹುಟ್ಟುತ್ತದೆ.

ಈಗ ಇನ್ನೊಂದು ಮುಖ. ನಮ್ಮ ಮಲೆನಾಡಿನಲ್ಲಿ ಬೆಳೆಗಾರರು ಕಾಫಿಯನ್ನು ವರ್ತಕರ ಗೋದಾಮಿಗೆ ಹಾಕಿ, ದರ ಆಮೇಲೆ ಮಾಡಿಕೊಳ್ಳುವ ಪದ್ಧತಿ ಇದೆ. ಮನೆಯಲ್ಲಿ ಇಡಲು ಜಾಗ ಇರುವುದಿಲ್ಲ, ಕಳ್ಳರ ಭಯ ಬೇರೆ. ವರ್ತಕ ಒಂದು ಚೀಟಿ ಕೊಡುತ್ತಾನೆ: ತಾರೀಖು, ಎಷ್ಟು ಚೀಲ, ತೂಕ ಎಷ್ಟು. ದರದ ಜಾಗ ಖಾಲಿ. ಬೆಲೆ ಏರಿದಾಗ ಬೆಳೆಗಾರ ಹೋಗಿ ದರ ಮಾಡುತ್ತಾನೆ. ಹೀಗೆ ಹಾಕಿದ ಮಾಲನ್ನು ಬೆಳೆಗಾರನನ್ನು ಕೇಳದೆ ಮಾರಿಕೊಂಡು ವರ್ತಕ ಬಾಗಿಲು ಹಾಕಿದರೆ ಅದು ಬಾಕಿ ಸಾಲ ಅಷ್ಟೇ ಅಲ್ಲ. ನಂಬಿ ಇಟ್ಟ ಮಾಲನ್ನು ತಿಂದು ಹಾಕಿದ ಆರೋಪ ಅದು. ಅಂಥ ಒಂದು ಪ್ರಕರಣದಲ್ಲಿ ನಾನು ಬೆಳೆಗಾರರ ಪರ ಇದ್ದೆ. ದೂರಿನಲ್ಲಿ ಬರೆದಿದ್ದು ಏನು ಗೊತ್ತಾ? ಕಾಫಿ ಕೊಟ್ಟಿದ್ದೇವೆ, ದುಡ್ಡು ಕೊಟ್ಟಿಲ್ಲ, ಕೇಳಿದರೆ ಅವಾಚ್ಯ ಶಬ್ದಗಳಿಂದ ಬೈದಿದ್ದಾರೆ. ಚೀಟಿಯ ಸುದ್ದಿ ಇಲ್ಲ, ದರ ಮಾಡಿರಲಿಲ್ಲ ಅನ್ನುವುದಿಲ್ಲ, ಮಾಲು ನಮ್ಮದೇ ಆಗಿ ಗೋದಾಮಿನಲ್ಲಿತ್ತು ಅನ್ನುವುದಂತೂ ಇಲ್ಲವೇ ಇಲ್ಲ. ಓದಿದವರಿಗೆ ಇದು ಮಾರಿದ ಮಾಲಿನ ಬಾಕಿ ಅನ್ನಿಸುವ ಹಾಗೆ ಇತ್ತು.

ಇದು ಯಾಕೆ ದೊಡ್ಡದು ಅಂದರೆ, ವರ್ತಕ ಕ್ವಾಷ್ ಅರ್ಜಿ ಹಾಕಿದಾಗ ಹೈಕೋರ್ಟ್ ಮುಖ್ಯವಾಗಿ ನೋಡುವುದು ಆ ದೂರನ್ನು ಮತ್ತು ಅದರ ಜೊತೆಯ ಕಾಗದಗಳನ್ನು. ಮಾರಿದ ಮಾಲಿಗೆ ದುಡ್ಡು ಬಾಕಿ ಇದ್ದರೆ ಅದು ನಂಬಿಕೆ ದ್ರೋಹ ಆಗುವುದಿಲ್ಲ ಅಂತ 2024ರಲ್ಲಿ ಡೆಲ್ಲಿ ರೇಸ್ ಕ್ಲಬ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಮೋಸ ಬೇರೆ, ನಂಬಿಕೆ ದ್ರೋಹ ಬೇರೆ, ಒಂದೇ ಸಂಗತಿಗೆ ಎರಡೂ ಸೆಕ್ಷನ್ ಯಾಂತ್ರಿಕವಾಗಿ ಸೇರಿಸುವುದು ಸರಿಯಲ್ಲ, ಪೊಲೀಸರಿಗೆ ಈ ವ್ಯತ್ಯಾಸದ ತರಬೇತಿ ಬೇಕು ಅಂತಲೂ ಹೇಳಿದೆ. ನಮ್ಮ ಪುಣ್ಯ, ತನಿಖೆಯಲ್ಲಿ ಚೀಟಿಗಳು ವಶಕ್ಕೆ ಬಂದಿದ್ದವು, ಕೇಸು ಉಳಿಯಿತು. ಬರದಿದ್ದರೆ ನಿಜವಾಗಿ ಮೋಸ ಹೋದವರ ಕೇಸೇ ರದ್ದಾಗುತ್ತಿತ್ತು, ತಪ್ಪು ಮಾಡಿದವನು ಆದೇಶದ ಪ್ರತಿ ತೋರಿಸಿಕೊಂಡು ಓಡಾಡುತ್ತಿದ್ದ.

ಅಂದರೆ ಮೊದಲ ಹಂತದಲ್ಲಿ ಸರಿಯಾಗಿ ಕೇಳಿ, ಕಾಗದ ನೋಡಿ, ಬರೆದುಕೊಂಡರೆ ನಿರಪರಾಧಿಯೂ ಉಳಿಯುತ್ತಾನೆ, ನಿಜವಾದ ದೂರೂ ಉಳಿಯುತ್ತದೆ. ಇದಕ್ಕೆ ಹೊಸ ಕಾನೂನೇನೂ ಬೇಕಾಗಿಲ್ಲ ಮಾನ್ಯರೇ. ಇರುವುದೇ ಸಾಕು.

ಸಂಜ್ಞೇಯ ಅಪರಾಧದ, ಅಂದರೆ ಪೊಲೀಸರೇ ನೇರವಾಗಿ ತನಿಖೆ ಮಾಡಬಹುದಾದ ಅಪರಾಧದ, ಮಾಹಿತಿ ಬಂದರೆ ಎಫ್‌ಐಆರ್ ಹಾಕಲೇಬೇಕು ಅಂತ ಸುಪ್ರೀಂ ಕೋರ್ಟಿನ 2013ರ ಲಲಿತಾ ಕುಮಾರಿ ತೀರ್ಪು ಹೇಳಿದ್ದು ಎಲ್ಲ ಠಾಣೆಗಳಿಗೂ ಗೊತ್ತು. ಅದೇ ತೀರ್ಪು ವ್ಯಾಪಾರ ವ್ಯವಹಾರದ ಪ್ರಕರಣಗಳಲ್ಲಿ, ಕುಟುಂಬದ ವ್ಯಾಜ್ಯಗಳಲ್ಲಿ, ವೈದ್ಯಕೀಯ ನಿರ್ಲಕ್ಷ್ಯದ ದೂರುಗಳಲ್ಲಿ, ಕಾರಣವಿಲ್ಲದೆ 3 ತಿಂಗಳಿಗಿಂತ ತಡವಾಗಿ ಬಂದ ದೂರುಗಳಲ್ಲಿ ಮೊದಲು ಪ್ರಾಥಮಿಕ ವಿಚಾರಣೆ ಮಾಡಬಹುದು ಅಂತಲೂ ಹೇಳಿದೆ. ಅದಕ್ಕೆ ಸಾಮಾನ್ಯವಾಗಿ 15 ದಿನ, ಅಪರೂಪಕ್ಕೆ 6 ವಾರ ಅಂತ 2014ರಲ್ಲಿ ಕಾಲವನ್ನೂ ಗೊತ್ತು ಮಾಡಿದೆ. ಈ ಎರಡನೇ ಭಾಗ ಎಷ್ಟೋ ಕಡೆ ಮರೆತೇ ಹೋಗಿದೆ.

ಹೊಸ ಬಿಎನ್‌ಎಸ್‌ಎಸ್‌ನ 173(3) ಕೂಡ ಇದೆ. 3 ವರ್ಷದಿಂದ 7 ವರ್ಷದೊಳಗಿನ ಶಿಕ್ಷೆ ಇರುವ ಅಪರಾಧಗಳಲ್ಲಿ ಡಿವೈಎಸ್‌ಪಿ ಅನುಮತಿ ಪಡೆದು 14 ದಿನದಲ್ಲಿ ಪ್ರಾಥಮಿಕ ವಿಚಾರಣೆ ಮುಗಿಸಬಹುದು. ಇಲ್ಲೊಂದು ಸಂಗತಿ ನಿಮ್ಮ ಗಮನಕ್ಕೆ ತರಲೇಬೇಕು. ಆ ಸೆಕ್ಷನ್ ಹೇಳುವುದು 7 ವರ್ಷಕ್ಕಿಂತ ಕಡಿಮೆ ಅಂತ. ದುಡ್ಡಿನ ಜಗಳಗಳಲ್ಲಿ ಅತಿ ಹೆಚ್ಚು ಬಳಕೆಯಾಗುವ ಮೋಸದ ಸೆಕ್ಷನ್, ಹೊಸ ದಂಡ ಸಂಹಿತೆ ಬಿಎನ್‌ಎಸ್‌ನ 318(4)ಕ್ಕೆ ಶಿಕ್ಷೆ 7 ವರ್ಷದವರೆಗೆ. ಹಾಗಾಗಿ ಒಂದು ಕೂದಲೆಳೆಯಲ್ಲಿ ಅದು ಹೊರಗೆ ಉಳಿದುಬಿಡುತ್ತದೆ. 316(2)ರ ನಂಬಿಕೆ ದ್ರೋಹಕ್ಕೆ 5 ವರ್ಷ, ಅದು ಒಳಗೆ ಬರುತ್ತದೆ. ಮೋಸದ ದೂರುಗಳಿಗೆ ಲಲಿತಾ ಕುಮಾರಿ ತೀರ್ಪಿನ ದಾರಿಯನ್ನೇ ಹಿಡಿಯಬೇಕು, ಅದಕ್ಕೆ ಮೇಲಿನಿಂದ ಸ್ಪಷ್ಟ ಸೂಚನೆ ಬೇಕು. ಇಲ್ಲದಿದ್ದರೆ ಕೆಳಗಿನ ಅಧಿಕಾರಿಗೆ ನಾಳೆ ನನ್ನ ತಲೆಗೇ ಬರುತ್ತದೆ ಅನ್ನುವ ಭಯ. ಎಫ್‌ಐಆರ್ ಹಾಕಿದರೆ ಯಾರೂ ಕೇಳುವುದಿಲ್ಲ, ಹಾಕದಿದ್ದರೆ ಮೇಲಿನವರು ನೋಟಿಸ್ ಕೊಡುತ್ತಾರೆ. ಅವರು ಹಾಕಿ ಕೈ ತೊಳೆದುಕೊಳ್ಳುತ್ತಾರೆ. ಅವರನ್ನು ಮಾತ್ರ ದೂರಿ ಏನು ಪ್ರಯೋಜನ?

ಆದ್ದರಿಂದ ಒಂದು ಸುತ್ತೋಲೆ ಹೊರಡಿಸಿ ಅಂತ ಕೇಳುತ್ತೇನೆ. ಕರಾರು, ಕೈಸಾಲ, ಗುತ್ತಿಗೆ, ಮಾಲಿನ ಬಾಕಿ, ಜಮೀನಿನ ಹದ್ದಿನ ತಕರಾರು, ಇಂಥ ದೂರು ಬಂದಾಗ ಇಬ್ಬರನ್ನೂ ಕರೆಸಿ, ಕಾಗದ ಪತ್ರ ನೋಡಿ, ಕಂಡಿದ್ದನ್ನು ಬರೆದಿಡಲಿ. ಅಪರಾಧ ಕಂಡರೆ ಎಫ್‌ಐಆರ್ ಹಾಕಲಿ, ಯಾರು ಏನು ಮಾಡಿದರು ಅಂತ ಬಿಡಿಸಿ ಬರೆಯಲಿ, ಸಹಿ ಹಾಕದ ಹೆಂಡತಿ ಮಕ್ಕಳನ್ನು ಸುಮ್ನೆ ಸೇರಿಸುವುದು ಬೇಡ. ಸಿವಿಲ್ ಅಂತ ಕಂಡರೆ ಬಾಯಲ್ಲಿ ಹೇಳಿ ಕಳಿಸದೆ ಕಾರಣ ಬರೆದು ಹಿಂಬರಹ ಕೊಡಲಿ. ಆ ಹಿಂಬರಹದಲ್ಲೇ ದಾವೆಗೆ ಕಾಲಮಿತಿ ಇದೆ, ತಾಲ್ಲೂಕು ಕಾನೂನು ಸೇವಾ ಸಮಿತಿಯಲ್ಲಿ ಸಲಹೆ ಸಿಗುತ್ತದೆ ಅಂತ ಒಂದು ಸಾಲು ಇರಲಿ. ಹಿಂಬರಹ ಕೈಯಲ್ಲಿದ್ದರೆ ಒಪ್ಪದವರು ಬಿಎನ್‌ಎಸ್‌ಎಸ್‌ನ 173(4)ರ ಪ್ರಕಾರ ಎಸ್‌ಪಿಗೆ ಬರೆಯಬಹುದು, ಅಲ್ಲೂ ಆಗದಿದ್ದರೆ ಅಫಿಡವಿಟ್ ಹಾಕಿ ಮ್ಯಾಜಿಸ್ಟ್ರೇಟ್ ಹತ್ತಿರ ಹೋಗಬಹುದು. ಖಾಸಗಿ ದೂರಾದರೆ ಈಗ 223ನೇ ಸೆಕ್ಷನ್ ಪ್ರಕಾರ ಮ್ಯಾಜಿಸ್ಟ್ರೇಟರು ಅದನ್ನು ಕೇಸಾಗಿ ಪರಿಗಣನೆಗೆ ತೆಗೆದುಕೊಳ್ಳುವ ಮೊದಲೇ ಆರೋಪಿಯ ಮಾತನ್ನೂ ಕೇಳಬೇಕು. ಹಳೆಯ ಕಾನೂನಿನಲ್ಲಿ ಇಲ್ಲದ ಒಳ್ಳೆಯ ಏರ್ಪಾಡು ಇದು, ನಮ್ಮ ವಕೀಲ ಮಿತ್ರರೂ ಇನ್ನೂ ಪೂರ್ತಿ ಬಳಸಿಕೊಂಡಿಲ್ಲ.

ಒಂದು ವಿಷಯದಲ್ಲಿ ಮಾತ್ರ ಯಾರಿಗೂ ಗೊಂದಲ ಆಗಬಾರದು. ನಾನು ಕೇಳುತ್ತಿರುವುದು ದುಡ್ಡಿನ, ಆಸ್ತಿಯ ಕರಾರುಗಳ ಬಗ್ಗೆ. ಹೊಡೆತ, ಹೆಣ್ಣುಮಕ್ಕಳ ಮೇಲಿನ ದೌರ್ಜನ್ಯ, ಮಕ್ಕಳ ಮೇಲಿನ ಅಪರಾಧ ಇವುಗಳ ದೂರನ್ನು "ಮೊದಲು ವಿಚಾರಣೆ" ಅಂತ ಎಳೆಯುವ ಹಾಗಿಲ್ಲ. ಜಾತಿ ದೌರ್ಜನ್ಯದ ದೂರಿನಲ್ಲಿ ಎಫ್‌ಐಆರ್‌ಗೆ ಮೊದಲು ಪ್ರಾಥಮಿಕ ವಿಚಾರಣೆ ಬೇಕಿಲ್ಲ ಅಂತ ಎಸ್‌ಸಿ, ಎಸ್‌ಟಿ ದೌರ್ಜನ್ಯ ತಡೆ ಕಾಯ್ದೆಗೆ 2018ರ ತಿದ್ದುಪಡಿ ತಂದ 18ಎ ಸೆಕ್ಷನ್ನೇ ಹೇಳುತ್ತದೆ. ರಾಜಿ ವಿಷಯದಲ್ಲೂ ಹಾಗೇ. 2012ರ ಗ್ಯಾನ್ ಸಿಂಗ್ ತೀರ್ಪಿನ ಪ್ರಕಾರ ವ್ಯಾಪಾರ, ಕುಟುಂಬದ ಜಗಳಗಳಲ್ಲಿ ಇಬ್ಬರೂ ರಾಜಿ ಆದರೆ ಹೈಕೋರ್ಟ್ ಕೇಸು ರದ್ದು ಮಾಡಬಹುದು. ಕೊಲೆ, ಅತ್ಯಾಚಾರ, ಡಕಾಯಿತಿಗೆ ಅದು ನಡೆಯುವುದಿಲ್ಲ. ರಾಜಸ್ಥಾನದಲ್ಲಿ ವಿದ್ಯಾರ್ಥಿನಿಗೆ ಲೈಂಗಿಕ ಕಿರುಕುಳ ಕೊಟ್ಟ ಆರೋಪ ಶಿಕ್ಷಕನೊಬ್ಬನ ಮೇಲಿತ್ತು. ಮನೆಯವರು ರಾಜಿ ಆದರು ಅಂತ ಹೈಕೋರ್ಟ್ ರದ್ದು ಮಾಡಿದ ಆ ಕೇಸನ್ನು 2024ರ ನವೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಮತ್ತೆ ಜೀವಂತ ಮಾಡಿತು. ಊರ ದೊಡ್ಡವರು ಕೂತು ಇಂಥದ್ದನ್ನೆಲ್ಲ ಮುಚ್ಚಿಹಾಕಿ "ಹೈಕೋರ್ಟ್‌ಗೆ ಹೋಗಿ ತೆಗೆಸಿಕೊಳ್ಳೋಣ" ಅನ್ನುವುದನ್ನು ಕೇಳಿದಾಗ ಸಿಟ್ಟು ಬರುತ್ತದೆ.

ಸುತ್ತೋಲೆಯ ಜೊತೆಗೆ ತರಬೇತಿಯೂ ಬೇಕು. ಅದು ಪಿಎಸ್‌ಐಗಳಿಗೆ ಮಾತ್ರ ಸಾಲದು. ದೂರು ಬರೆದುಕೊಳ್ಳುವ ಠಾಣೆಯ ರೈಟರ್‌ಗೂ ಕೊಡಿ, ಯಾಕೆಂದರೆ ಎಷ್ಟೋ ಜನ ಬರೆಯಲು ಬಾರದೆ ಬಾಯಲ್ಲೇ ಹೇಳುತ್ತಾರೆ, ಅವರ ಕೇಸಿನ ಹಣೆಬರಹ ನಿರ್ಧಾರ ಆಗುವುದು ಆ ಟೇಬಲ್ಲಿನಲ್ಲೇ. ಎಫ್‌ಐಆರ್ ಆದ ಮೇಲೆ ತನಿಖೆಯಲ್ಲಿ ಏನೂ ಇಲ್ಲ ಅಂತ ಕಂಡರೆ ಕೇಸು ಮುಗಿಸಲು ಕೋರ್ಟಿಗೆ ಕೊಡುವ ಬಿ ರಿಪೋರ್ಟ್ ಬೇಗ ಹಾಕಲು ಹೇಳಿ. ಎಲ್ಲರೂ ಹೈಕೋರ್ಟ್ ನೋಡಿಕೊಳ್ಳಲಿ ಅಂತ ಫೈಲು ಪಕ್ಕಕ್ಕಿಟ್ಟರೆ, ಬೆಂಗಳೂರಿಗೆ ಹೋಗಲು ಗತಿ ಇಲ್ಲದವನು ಇಲ್ಲಿ ತಾರೀಖಿನಿಂದ ತಾರೀಖಿಗೆ ಅಲೆಯುತ್ತಲೇ ಇರುತ್ತಾನೆ.

ಸುತ್ತೋಲೆ ಹೊರಟರೆ ಅದರ ಕನ್ನಡ ಪ್ರತಿ ಪ್ರತಿ ಠಾಣೆಯ ಗೋಡೆಯ ಮೇಲೂ, ಪ್ರತಿ ತಾಲ್ಲೂಕು ಕೋರ್ಟಿನ ನೋಟಿಸ್ ಬೋರ್ಡಿನಲ್ಲೂ ಇರುವಂತೆ ನೋಡಿಕೊಳ್ಳಿ. ನಮ್ಮ ಕೋರ್ಟಿನ ಬೋರ್ಡಿಗೆ ಹಾಕಿಸುವ ಕೆಲಸ ನಾನು ಮಾಡುತ್ತೇನೆ.

ಇಂತಿ ತಮ್ಮ ವಿಶ್ವಾಸಿ,
ಸಕಲೇಶಪುರದ ಒಬ್ಬ ವಕೀಲ